ವೆಂತೂರಾ ಅವರನ್ನು ನಟ ಎನ್ನೋಣ

ಪೋರ್ಚುಗೀಸ್ ಚಿತ್ರೋತ್ಸವದಲ್ಲಿ ನಿರ್ದೇಶಕ ಮನುವೆಲ್ ದ ಒಲಿವೇರಾ ಅವರಿಂದ ಮಾತು ಶುರುಮಾಡುವುದು ವಾಡಿಕೆ. ನಾನು ಒಬ್ಬ ನಟರ ಬಗ್ಗೆ ಮಾತ್ರ ಹೇಳುತ್ತೇನೆ. ಹೆಸರು ವೆಂತೂರಾ. ಕೇಪ್ ವರ್ಡ್ ದ್ವೀಪಗಳಿಂದ ಕೆಲಸ ಹುಡುಕಿಕೊಂಡು ಲಿಸ್ಬನ್‌ಗೆ ಬಂದ ಗಾರೆ ಕೆಲಸದವರು. ಪೆದ್ರೊ ಕೋಸ್ತ ನಿರ್ದೇಶನದ ‘ಕೊಲೋಸಲ್ ಯೂತ್’ (2006), ‘ಹಾರ್ಸ್ ಮನಿ’ (2014), ‘ವಿತಲೀನಾ ವರೇಲಾ’ (2019) ಚಿತ್ರಗಳಲ್ಲಿ ಅವರಿದ್ದಾರೆ. ಈ ಚಿತ್ರಗಳ ನೆರಳು–ಬೆಳಕಿನ ಬಗ್ಗೆ, ಲಿಸ್ಬನ್ ಅಂಚಿನಲ್ಲಿದ್ದು ನೆಲಸಮವಾದ ಫೊಂತೈನ್ಯಸ್ ಕೊಳೆಗೇರಿಯ ಬಗ್ಗೆ ಬೇಕಾದಷ್ಟು ಬರಹಗಳಿವೆ. ವೆಂತೂರಾ ವಿಷಯ ಬಂದಾಗ ಮಾತ್ರ ‘ಅವರು ತಮ್ಮ ಬದುಕನ್ನೇ ಕ್ಯಾಮೆರಾ ಮುಂದೆ ಬದುಕಿದರು’ ಎಂದು ಮುಗಿಸುವವರೇ ಹೆಚ್ಚು. ಹೊಗಳಿಕೆಯಂತೆ ಕೇಳಿಸುವ ಈ ಮಾತು ಅವರ ದುಡಿಮೆಯನ್ನೇ ಮರೆಮಾಡುತ್ತದೆ.

‘ಕೊಲೋಸಲ್ ಯೂತ್’ನಲ್ಲಿ ಒಂದು ಪ್ರೇಮಪತ್ರವಿದೆ. ಗೆಳೆಯ ಲೆಂತೊ ಊರಲ್ಲಿರುವ ತನ್ನವಳಿಗೆ ಕಳಿಸಲೆಂದು ವೆಂತೂರಾ ಅದನ್ನು ಬಾಯಲ್ಲೇ ಹೇಳಿಕೊಡುತ್ತಾರೆ, ಮತ್ತೆ ಮತ್ತೆ. ಅದರ ಒಂದು ಪಾಲು ವಲಸಿಗರ ಕಾಗದಗಳಿಂದ ಬಂದದ್ದು. ಇನ್ನೊಂದು, ಫ್ರೆಂಚ್ ಕವಿ ರೊಬೇರ್ ದೆಸ್ನೋಸ್ ನಾಜಿಗಳ ಸೆರೆಯಿಂದ ಸಂಗಾತಿಗೆ ಬರೆದ ಪತ್ರದಿಂದ. ಅಂದಮೇಲೆ ಅದು ಕಂಠಪಾಠ ಮಾಡಿ, ಪ್ರತಿ ಸಲವೂ ಬೇರೆ ಭಾರ ಕೊಟ್ಟು ಆಡಬೇಕಾದ ಮಾತು. ಅದೇ ಚಿತ್ರದಲ್ಲಿ ಅವರು ಲಿಸ್ಬನ್‌ನ ಗುಲ್ಬೆಂಕಿಯನ್ ಮ್ಯೂಸಿಯಂನಲ್ಲಿ ರೂಬೆನ್ಸ್, ವ್ಯಾನ್ ಡೈಕ್ ವರ್ಣಚಿತ್ರಗಳ ನಡುವೆ ಗೋಡೆಗೊರಗಿ ನಿಲ್ಲುತ್ತಾರೆ. ಕಾವಲುಗಾರ ಬಂದು ಕಿವಿಯಲ್ಲಿ ಏನೋ ಹೇಳಿ, ಅವರು ನಿಂತಿದ್ದ ನೆಲವನ್ನು ಕರವಸ್ತ್ರದಿಂದ ಒರೆಸುತ್ತಾನೆ. ವೆಂತೂರಾ ಮುಖದಲ್ಲಿ ಸಿಟ್ಟೂ ಇಲ್ಲ, ದೈನ್ಯವೂ ಇಲ್ಲ. ಅವಮಾನ ಯಾರದ್ದು ಎಂಬ ಪ್ರಶ್ನೆ ನೋಡುವವರ ಪಾಲಿಗೇ ಉಳಿಯುತ್ತದೆ. ಇಷ್ಟು ಹಿಡಿತ ತಾನಾಗಿ ಬರುವಂಥದ್ದಲ್ಲ.

ಇದೆಲ್ಲ ನಿರ್ದೇಶಕರ ಕೈಚಳಕ ಎನ್ನಬಹುದು. ಕೋಸ್ತ ಒಂದು ದೃಶ್ಯವನ್ನು ಅನೇಕ ಸಲ ಚಿತ್ರೀಕರಿಸುವವರು, ನಿಜ. ಆದರೆ ಹಾಗೆ ಚಿತ್ರೀಕರಿಸಿದಾಗಲೆಲ್ಲ ಮಾತನ್ನೂ ನಿಲುವನ್ನೂ ಮತ್ತೆ ಕಟ್ಟಿಕೊಡುವವರು ನಟರೇ ಅಲ್ಲವೇ? ತಮ್ಮ ಪಾತ್ರವನ್ನೇ ತಾವು ಮಾಡಿದರು ಎಂಬ ಆಕ್ಷೇಪವೂ ಇದೆ. ಅದಕ್ಕೆ ಉತ್ತರ ‘ವಿತಲೀನಾ ವರೇಲಾ’. ಅಲ್ಲಿ ಅವರು ನಂಬಿಕೆ ಕಳೆದುಕೊಂಡ ಪಾದ್ರಿ. ಗಾರೆ ಕೆಲಸದವರ ಆತ್ಮಕಥೆಗೆ ಈ ಪಾತ್ರ ಹೊಂದುವುದಿಲ್ಲ. ಒಬ್ಬರೇ ನಿರ್ದೇಶಕರ ಜೊತೆ ದುಡಿದವರನ್ನು ನಟರೆನ್ನಬಹುದೇ ಎಂದು ಕೇಳುವವರು 2019ರ ಲೊಕಾರ್ನೊ ಚಿತ್ರೋತ್ಸವವನ್ನು ನೆನೆಯಬೇಕು. ಅಲ್ಲಿನ ತೀರ್ಪುಗಾರರು ಈ ಚಿತ್ರಕ್ಕೆ ಅತ್ಯುನ್ನತ ಪ್ರಶಸ್ತಿ ಕೊಟ್ಟಿದ್ದಲ್ಲದೆ, ತಮ್ಮದೇ ಬದುಕಿನ ಕಥೆಯಲ್ಲಿ ಅಭಿನಯಿಸಿದ ವಿತಲೀನಾ ವರೇಲಾ ಅವರನ್ನು ಶ್ರೇಷ್ಠ ನಟಿ ಎಂದು ಗೌರವಿಸಿದರು. ಆಕೆಗೆ ಸಂದ ನ್ಯಾಯ ವೆಂತೂರಾ ಅವರಿಗೂ ಸಲ್ಲಬೇಕು.

ನಟರ ದುಡಿಮೆಯನ್ನು ಬರೆದಿಡದಿದ್ದರೆ ಮುಂದಿನವರಿಗೆ ನಿರ್ದೇಶಕರ ಹೆಸರೊಂದೇ ಉಳಿಯುತ್ತದೆ. ಸಂಘಟಕರು ಉತ್ಸವದ ಕೈಪಿಡಿಯಲ್ಲಿ ವೆಂತೂರಾ ಅವರಿಗೆ ಪ್ರತ್ಯೇಕ ಪುಟ ಕೊಟ್ಟು, ಚಿತ್ರ, ಪಾತ್ರ, ವರ್ಷಗಳನ್ನು ನಮೂದಿಸಬೇಕು. ಪ್ರೇಕ್ಷಕರಲ್ಲಿ ನನ್ನ ವಿನಂತಿ ಇಷ್ಟೇ: 2006ರ ಚಿತ್ರವನ್ನೂ 2019ರ ಚಿತ್ರವನ್ನೂ ತಪ್ಪದೆ ನೋಡಿ, ಅವರ ಅಭಿನಯದ ಬಗ್ಗೆ ಬರೆಯಿರಿ.