ನಾಯಕನ ಮಗ್ಗುಲಲ್ಲಿ ನಿಂತವರು: ಮೂಕಿ ಯುಗದ ವೆಸ್ಟರ್ನ್ ಚಿತ್ರಗಳು ಮತ್ತು ಜೆ. ಫ್ಯಾರೆಲ್ ಮ್ಯಾಕ್‌ಡೊನಾಲ್ಡ್

ಜೆ. ಫ್ಯಾರೆಲ್ ಮ್ಯಾಕ್‌ಡೊನಾಲ್ಡ್ ಅಮೆರಿಕದ ಪೋಷಕ ನಟರು. 1911ರಿಂದ 1951ರವರೆಗೆ 300ಕ್ಕೂ ಹೆಚ್ಚು ಚಿತ್ರಗಳಲ್ಲಿ ಪಾತ್ರ ಮಾಡಿದರು. ನಾಯಕರಾದದ್ದು ಇಲ್ಲವೆಂಬಷ್ಟು ಕಡಿಮೆ. ಹುಟ್ಟಿದ್ದು 1875ರಲ್ಲಿ, ಕನೆಕ್ಟಿಕಟ್ ರಾಜ್ಯದ ವಾಟರ್‌ಬರಿಯಲ್ಲಿ. ಮೊದಲು ಹಾಡುಗಾರರಾಗಿ ಮಿನ್‌ಸ್ಟ್ರೆಲ್ ತಂಡಗಳನ್ನು ಸೇರಿದರು. ಬಿಳಿಯರು ಮುಖಕ್ಕೆ ಮಸಿ ಬಳಿದುಕೊಂಡು ಕರಿಯರನ್ನು ಅಣಕಿಸುತ್ತಿದ್ದ ಆ ಪ್ರದರ್ಶನಗಳು ಅಮೆರಿಕದ ರಂಗಭೂಮಿಯ ಕಹಿ ಅಧ್ಯಾಯ. ಆಮೇಲೆ ನಾಟಕ ತಂಡಗಳ ಜೊತೆ ಎರಡು ವರ್ಷ ಊರೂರು ತಿರುಗಿದರು. ಸಿನಿಮಾಕ್ಕೆ ಬರುವಾಗ ವಯಸ್ಸು 36. ಅಷ್ಟರಲ್ಲಿ ಮುಖ ತುಂಬಿತ್ತು, ಮೈ ಪಳಗಿತ್ತು.

ನಟನೆಯ ಜೊತೆಗೆ 1912ರಿಂದ ನಿರ್ದೇಶನಕ್ಕೂ ಕೈಹಾಕಿದರು. 1917ರೊಳಗೆ 44 ಮೂಕಿ ಚಿತ್ರಗಳು ಅವರ ನಿರ್ದೇಶನದಲ್ಲಿ ಬಂದವು. ಮಕ್ಕಳ ಕತೆಗಾರ ಎಲ್. ಫ್ರ್ಯಾಂಕ್ ಬಾಮ್ 1914ರಲ್ಲಿ ಕಟ್ಟಿದ ಕಂಪನಿಗಾಗಿ ಮಾಡಿದ 'ದಿ ಪ್ಯಾಚ್‌ವರ್ಕ್ ಗರ್ಲ್ ಆಫ್ ಆಜ್' ಅವುಗಳಲ್ಲಿ ಹೆಸರಾದದ್ದು. ಗುಂಪಿನಲ್ಲಿ ನಿಲ್ಲಲು ಬರುತ್ತಿದ್ದ ಇಬ್ಬರು ಬಡ ಹುಡುಗರಿಗೆ ಆ ದಿನಗಳಲ್ಲಿ ಅವರು ಸಣ್ಣಪುಟ್ಟ ಕೆಲಸ ಕೊಟ್ಟರು. ಒಬ್ಬರು ಹೆರಾಲ್ಡ್ ಲಾಯ್ಡ್, ಇನ್ನೊಬ್ಬರು ಹಾಲ್ ರೋಚ್. ಮುಂದೆ ರೋಚ್ ಸ್ವಂತ ಸ್ಟುಡಿಯೊ ತೆರೆದರು, ಲಾಯ್ಡ್ ಅಲ್ಲಿಯ ಮುಖ್ಯ ನಟರಾದರು. ನಿರ್ದೇಶನಕ್ಕೆ ಕರೆ ಬಂದದ್ದು ಮ್ಯಾಕ್‌ಡೊನಾಲ್ಡ್ ಅವರಿಗೇ.

1918ರ ಹೊತ್ತಿಗೆ ಅವರು ನಿರ್ದೇಶನ ಬಿಟ್ಟು ಪೂರ್ತಿ ನಟರಾದರು. ಇದನ್ನು ಇಳಿಕೆ ಎಂದು ತಿಳಿಯಬೇಕಾಗಿಲ್ಲ. ಕ್ಯಾಮೆರಾದ ಹಿಂದೆ ನಿಂತು ಕಲಿತದ್ದು ಕ್ಯಾಮೆರಾದ ಮುಂದೆ ಕೆಲಸಕ್ಕೆ ಬಂತು: ಎಲ್ಲಿ ನಿಂತರೆ ನಾಯಕನಿಗೆ ಅಡ್ಡವಾಗುವುದಿಲ್ಲ, ಯಾವಾಗ ತಿರುಗಿದರೆ ನೋಡುವವರ ಕಣ್ಣು ತನ್ನ ಕಡೆ ಬರುತ್ತದೆ ಎಂಬ ಲೆಕ್ಕ.

ಈ ಲೆಕ್ಕ ಕೆಲಸಕ್ಕೆ ಬಂದದ್ದು ವೆಸ್ಟರ್ನ್ ಚಿತ್ರಗಳಲ್ಲಿ. ವೆಸ್ಟರ್ನ್ ಎಂದರೆ ಅಮೆರಿಕದ ಪಶ್ಚಿಮದ ಬಯಲು, ಕುದುರೆ, ಬಂದೂಕು, ದನಗಾಹಿ, ದರೋಡೆಕೋರರ ಕತೆ. 1903ರ 'ದಿ ಗ್ರೇಟ್ ಟ್ರೇನ್ ರಾಬರಿ' ಈ ಬಗೆಯ ಚಿತ್ರಗಳಿಗೆ ದಾರಿ ಮಾಡಿತು. ಬ್ರಾಂಕೊ ಬಿಲ್ಲಿ, ವಿಲಿಯಂ ಎಸ್. ಹಾರ್ಟ್, ಟಾಮ್ ಮಿಕ್ಸ್ ಹೆಸರಾದ ನಾಯಕರು. ಆದರೆ ನಾಯಕನೊಬ್ಬನಿಂದ ಊರು ಆಗುವುದಿಲ್ಲ. ಹೋಟೆಲಿನವನು, ಸಿಪಾಯಿ, ಕುಡುಕ, ಕೂಲಿಯವನು ಇದ್ದಾಗಲೇ ಆ ಬಯಲಿನಲ್ಲಿ ಜನ ಬದುಕಿದ್ದರು ಎಂದು ನಂಬಿಕೆ ಬರುತ್ತದೆ. ಭೀಮಾ ತೀರದಲ್ಲಿ ದೊಡ್ಡಾಟ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಸಾರಥಿ ಎದುರು ನಿಂತು ನೀವು ಯಾರು, ಎತ್ತಣಿಂದ ಬಂದಿರಿ ಎಂದು ಕೇಳಿದ ಮೇಲೆಯೇ ರಾಜನ ಪಾತ್ರಕ್ಕೆ ರಾಜಕಳೆ. ದೊಡ್ಡಾಟದ ಸಾರಥಿಗೆ ಮಾತಿದೆ. ಮೂಕಿ ಚಿತ್ರದ ಪೋಷಕ ನಟನಿಗೆ ಅದೂ ಇಲ್ಲ. ನಡುನಡುವೆ ತೆರೆಯ ಮೇಲೆ ಬರುವ ಬರಹದ ಎರಡು ಸಾಲು ಬಿಟ್ಟರೆ ಉಳಿದದ್ದೆಲ್ಲ ಹುಬ್ಬು, ಹೆಗಲು, ನಡಿಗೆಯಿಂದಲೇ ಆಗಬೇಕು.

ನಿರ್ದೇಶಕ ಜಾನ್ ಫೋರ್ಡ್ ಅವರ ಜೊತೆ ಮ್ಯಾಕ್‌ಡೊನಾಲ್ಡ್ ಅವರ ಒಡನಾಟ 1919ರ 'ಎ ಫೈಟ್ ಫಾರ್ ಲವ್' ಚಿತ್ರದಿಂದ ಶುರುವಾಗಿ 1950ರವರೆಗೆ ನಡೆಯಿತು. ಇಬ್ಬರೂ ಸೇರಿ ಮಾಡಿದ ಚಿತ್ರಗಳು ಸುಮಾರು 25. ಅವುಗಳಲ್ಲಿ 1924ರ 'ದಿ ಐರನ್ ಹಾರ್ಸ್' ದೊಡ್ಡ ಸಾಹಸ. ಅಮೆರಿಕದ ಪೂರ್ವ ಪಶ್ಚಿಮಗಳನ್ನು ಜೋಡಿಸಿ 1869ರ ಮೇ 10ರಂದು ಮುಗಿದ ರೈಲು ಹಳಿಯ ಕತೆ ಅದು. ಚಿತ್ರೀಕರಣ ನಡೆದದ್ದು ನೆವಾಡಾದ ಚಳಿಗಾಲದಲ್ಲಿ, ಹಿಮದ ನಡುವೆ. ಮ್ಯಾಕ್‌ಡೊನಾಲ್ಡ್ ಅವರದು ಕಾರ್ಪೊರಲ್ ಕೇಸಿ ಎಂಬ ಐರಿಷ್ ಸಿಪಾಯಿಯ ಪಾತ್ರ. ಹಳೆಯ ಯುದ್ಧದ ಇಬ್ಬರು ಗೆಳೆಯರೊಡನೆ ಹಳಿ ಹಾಸಲು ಬಂದ ಕೇಸಿ, ನಗಿಸುತ್ತ ನಗಿಸುತ್ತಲೇ ಕೂಲಿಯವರ ದಣಿವನ್ನೂ ಕಾಣಿಸುತ್ತಾನೆ.

ಅವರ ಮೂಕಿ ಕಾಲದ ಅತಿ ಒಳ್ಳೆಯ ಕೆಲಸ ಮಾತ್ರ 1926ರ 'ತ್ರೀ ಬ್ಯಾಡ್ ಮೆನ್'. 1870ರ ದಶಕ, ಡಕೋಟಾ ಸೀಮೆ. ಸರ್ಕಾರ ಬಿಟ್ಟುಕೊಡಲಿರುವ ಭೂಮಿಗಾಗಿ ಸಾವಿರಾರು ಜನ ಬಂಡಿ ಕಟ್ಟಿಕೊಂಡು ಕಾದಿದ್ದಾರೆ. ಕುದುರೆ ಕದಿಯಲು ಹೊಂಚು ಹಾಕಿದ ಮೂವರು ದರೋಡೆಕೋರರು, ತಂದೆಯನ್ನು ಬೇರೆ ಕಳ್ಳರ ಕೈಯಲ್ಲಿ ಕಳೆದುಕೊಂಡ ಲೀ ಎಂಬ ಹುಡುಗಿಗೆ ತಾವೇ ಆಸರೆಯಾಗುತ್ತಾರೆ. ಟಾಮ್ ಸ್ಯಾಂಟ್ಷಿ ಮಾಡಿದ ಬುಲ್ ಹಿರಿಯ. ಫ್ರ್ಯಾಂಕ್ ಕ್ಯಾಂಪೊ ಅವರ ಸ್ಪೇಡ್, ಮ್ಯಾಕ್‌ಡೊನಾಲ್ಡ್ ಅವರ ಮೈಕ್ ಕಾಸ್ಟಿಗನ್ ಅವನ ಜೊತೆಗಾರರು. ಹುಡುಗಿಗೆ ವರ ಹುಡುಕುವ ಭಾರ ಮೈಕ್ ಮತ್ತು ಸ್ಪೇಡರ ತಲೆಗೆ ಬರುತ್ತದೆ. ಮದುವೆಯ ಗಂಧಗಾಳಿ ಅರಿಯದ ಇಬ್ಬರು ಕುಡುಕರು ಸೋದರಮಾವಂದಿರ ಗಾಂಭೀರ್ಯದಿಂದ ಊರಲ್ಲಿ ಗಂಡು ನೋಡುತ್ತ ತಿರುಗುವುದು ಹೊಟ್ಟೆ ಹುಣ್ಣಾಗಿಸುವ ಭಾಗ. ಕೊನೆಗೆ ಲೀ ಮತ್ತು ಅವಳು ಒಲಿದ ಡ್ಯಾನ್‌ಗೆ ದಾರಿ ಸಿಗಲೆಂದು, ಬೆನ್ನಟ್ಟಿ ಬಂದವರನ್ನು ತಡೆಯಲು ಮೂವರೂ ಒಬ್ಬೊಬ್ಬರಾಗಿ ಹಿಂದೆ ನಿಂತು ಪ್ರಾಣ ಕೊಡುತ್ತಾರೆ. ಅಷ್ಟು ಹೊತ್ತು ನಗಿಸಿದ ಮೈಕ್ ಸಾಯುವಾಗ ಎದೆ ಹಿಂಡುತ್ತದೆ. ಲೀ ತನ್ನ ಮಗುವಿಗೆ ಆ ಮೂವರ ಹೆಸರನ್ನೂ ಇಡುತ್ತಾಳೆ. ಡ್ಯಾನ್ ಪಾತ್ರ ಮಾಡಿದ ನಾಯಕ ಜಾರ್ಜ್ ಒಬ್ರಿಯನ್ ಚೆಲುವರು. ಆದರೂ ನೋಡಿದವರ ಮನಸ್ಸಿನಲ್ಲಿ ಉಳಿಯುವವರು ಈ ಮೂವರೇ.

ವೆಸ್ಟರ್ನ್ ಆಚೆಗೂ ಅವರಿಗೆ ಪಾತ್ರಗಳು ಬಂದವು. ನಿರ್ದೇಶಕ ಮುರ್ನೌ ಅವರ 'ಸನ್‌ರೈಸ್' (1927) ಚಿತ್ರದಲ್ಲಿ ಅವರದು ಪಟ್ಟಣದ ಫೋಟೊಗ್ರಾಫರನ ಪಾತ್ರ. ಹಳ್ಳಿಯ ಗಂಡಹೆಂಡಿರು ಫೋಟೊ ತೆಗೆಸಲು ಬಂದು ಅಲ್ಲಿದ್ದ ತಲೆಯಿಲ್ಲದ ಶಿಲ್ಪವನ್ನು ಬೀಳಿಸುತ್ತಾರೆ. ತಲೆ ಮುರಿದದ್ದು ತಮ್ಮಿಂದಲೇ ಎಂದು ಹೆದರಿ, ಚೆಂಡೊಂದನ್ನು ತಲೆಯ ಜಾಗದಲ್ಲಿಟ್ಟು ಮೆಲ್ಲನೆ ಜಾರಿಕೊಳ್ಳುತ್ತಾರೆ. ಫೋಟೊಗ್ರಾಫರ್ ಅದನ್ನು ಕಂಡು ಮನಸಾರೆ ನಗುತ್ತಾನೆ. ಆ ನಗೆಯಲ್ಲಿ ಹಳ್ಳಿಯವರ ಮೇಲೆ ತಾತ್ಸಾರ ಎಳ್ಳಷ್ಟೂ ಇಲ್ಲ.

ಸಿನಿಮಾಕ್ಕೆ ಮಾತು ಬಂದಾಗ ಎಷ್ಟೋ ಮೂಕಿ ನಟರು ಮೂಲೆಗೆ ಸರಿದರು. ರಂಗದಲ್ಲಿ ದನಿ ಪಳಗಿಸಿಕೊಂಡಿದ್ದವರಿಗೆ ಆ ಭಯ ಕಡಿಮೆ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' (1934) ಕೂಡ ಕಂಪನಿ ನಾಟಕದಿಂದ ಬಂದ ಸುಬ್ಬಯ್ಯ ನಾಯ್ಡು, ಆರ್. ನಾಗೇಂದ್ರರಾಯರ ಕಂಠಬಲದ ಮೇಲೆಯೇ ನಿಂತಿತ್ತು. ಮ್ಯಾಕ್‌ಡೊನಾಲ್ಡ್ ಅವರಿಗಂತೂ ಕೆಲಸ ಹೆಚ್ಚಾಯಿತು: 1931ರಲ್ಲಿ 14 ಚಿತ್ರ, 1932ರಲ್ಲಿ 22. ಪೊಲೀಸ್, ಪಾದ್ರಿ, ಸೈನಿಕ, ಕೂಲಿ ಹೀಗೆ ಯಾವುದಾದರೂ ಸರಿ; ಬಹುಪಾಲು ಪಾತ್ರಗಳಿಗೆ ಹೆಸರಿತ್ತು, ತೆರೆಯ ಮೇಲೆ ನಟನ ಹೆಸರೂ ಬರುತ್ತಿತ್ತು. 1940ರ ದಶಕದಲ್ಲಿ ನಿರ್ದೇಶಕ ಪ್ರೆಸ್ಟನ್ ಸ್ಟರ್ಜಸ್ ಮತ್ತೆ ಮತ್ತೆ ಕರೆಯುತ್ತಿದ್ದ ನಟರ ಬಳಗದಲ್ಲಿ ಅವರೂ ಒಬ್ಬರು. ಫೋರ್ಡ್ ಅವರ 'ಮೈ ಡಾರ್ಲಿಂಗ್ ಕ್ಲೆಮಂಟೈನ್' (1946) ಚಿತ್ರದಲ್ಲಿ ಹೆಂಡದಂಗಡಿಯ ಮ್ಯಾಕ್ ಆದರು. ಎಂದಾದರೂ ಪ್ರೀತಿಗೆ ಬಿದ್ದಿದ್ದೆಯಾ ಎಂದು ನಾಯಕ ಕೇಳಿದಾಗ, ಜೀವಮಾನವೆಲ್ಲ ಹೆಂಡ ಬಡಿಸಿದ್ದೇ ಆಯಿತು ಎಂಬರ್ಥದ ಉತ್ತರವನ್ನು ಮ್ಯಾಕ್ ತಣ್ಣಗೆ ಕೊಡುತ್ತಾನೆ. ಮೂಕಿ ಕಾಲದಲ್ಲಿ ಕಲಿತ ನಿಶ್ಚಲ ಮುಖ ಆ ಒಂದು ಮಾತಿನ ಹಿಂದಿದೆ.

ಹೆಂಡತಿ, ನಟಿ ಈಡಿತ್ ಬಾಸ್ಟ್‌ವಿಕ್ 1943ರಲ್ಲಿ ತೀರಿಕೊಂಡ ಮೇಲೂ ಅವರು ಬಣ್ಣ ಹಚ್ಚುವುದನ್ನು ಬಿಡಲಿಲ್ಲ, 1951ರವರೆಗೆ ನಟಿಸಿದರು. 1952ರ ಆಗಸ್ಟ್ 2ರಂದು ಹಾಲಿವುಡ್‌ನಲ್ಲಿ ತೀರಿಕೊಂಡರು. ಆಗ ಅವರಿಗೆ 77 ವರ್ಷ.