ಕೇಸು ವಾಪಸ್ ಪಡೆಯುವ ಮುನ್ನ

ಸರ್ಕಾರಿ ನೌಕರಿಯ ಆಯ್ಕೆಪಟ್ಟಿಗೆ ಯಾರಾದರೂ ಕೋರ್ಟಿನಲ್ಲಿ ತಕರಾರು ಹಾಕಿದರೆ ಹಾವೇರಿ ಸೀಮೆಯಲ್ಲಿ ಅವರ ಕಿವಿಗೆ ಬೀಳುವ ಮಾತು ಇದು: ‘ಕೇಸ್ ವಾಪಸ್ ತಗೋರಿ, ಎಲ್ಲಾರಿಗೂ ಆರ್ಡರ್ ಸಿಗತೈತಿ.’ ವರ್ಷಗಟ್ಟಲೆ ಓದಿ ಪಾಸಾಗಿ ಮನೆಯಲ್ಲಿ ಕುಳಿತವರ ಸಂಕಟ ಆ ಮಾತಿನಲ್ಲಿದೆ, ಅದನ್ನು ತಳ್ಳಿಹಾಕುವಂತಿಲ್ಲ. ಆದರೆ ಅರ್ಜಿ ದಾಖಲಾದ ಮಾತ್ರಕ್ಕೆ ನೇಮಕಾತಿ ನಿಲ್ಲುವುದಿಲ್ಲ. ನ್ಯಾಯಾಲಯ ತಡೆಯಾಜ್ಞೆ ಕೊಡಬೇಕು, ಇಲ್ಲವೇ ಪಟ್ಟಿಯನ್ನೇ ರದ್ದು ಮಾಡಬೇಕು. ಹಾಗಾಗಿ ಅರ್ಜಿದಾರರನ್ನು ಕೇಳಬಹುದಾದದ್ದು ತಡೆಯಾಜ್ಞೆಯ ಬೇಡಿಕೆ ಬಿಡಿ ಎಂದಷ್ಟೇ. ತಕರಾರನ್ನೇ ಬಿಡಿ ಎನ್ನುವುದು ನ್ಯಾಯವಲ್ಲ.

ಒಂದು ಉದಾಹರಣೆ ನೋಡಿ. 2022ರಲ್ಲಿ ರಾಜ್ಯದಲ್ಲಿ 6ರಿಂದ 8ನೇ ತರಗತಿಗಳಿಗೆ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿಗೆ ಪರೀಕ್ಷೆ ನಡೆಯಿತು. ಬ್ಯಾಡಗಿಯಲ್ಲಿ ಹುಟ್ಟಿ ರಾಣೆಬೆನ್ನೂರಿಗೆ ಸೊಸೆಯಾಗಿ ಬಂದ ಹೆಣ್ಣುಮಗಳೊಬ್ಬಳು ಅರ್ಜಿ ಹಾಕಿದಳೆಂದು ಇಟ್ಟುಕೊಳ್ಳಿ. ಜಾತಿ ಮತ್ತು ಆದಾಯ ಪ್ರಮಾಣಪತ್ರದಲ್ಲಿ ತಂದೆಯ ಹೆಸರಿರಬೇಕೋ, ಗಂಡನ ಹೆಸರಿರಬೇಕೋ? ತಂದೆಯ ಹೆಸರಿನ ಪತ್ರ ಕೊಟ್ಟ ವಿವಾಹಿತೆಯರನ್ನು ನವೆಂಬರ್ 2022ರ ತಾತ್ಕಾಲಿಕ ಪಟ್ಟಿಯಲ್ಲಿ ಮೀಸಲಾತಿಯಿಂದ ಹೊರಗಿಟ್ಟು ಸಾಮಾನ್ಯ ವರ್ಗಕ್ಕೆ ಸೇರಿಸಲಾಯಿತು. ಜನವರಿ 2023ರಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಆ ಪಟ್ಟಿಯನ್ನು ರದ್ದು ಮಾಡಿತು. ಹೊಸ ಪಟ್ಟಿ ಬಂದಾಗ ಮೊದಲಿದ್ದ ಕೆಲವರ ಹೆಸರು ಮಾಯವಾಗಿ ಅವರು ಮೇಲ್ಮನವಿ ಹೂಡಿದರು. ಅಕ್ಟೋಬರ್ 12, 2023ರಂದು ವಿಭಾಗೀಯ ಪೀಠ ಏಕಸದಸ್ಯ ಪೀಠದ ಆದೇಶವನ್ನು ಬದಿಗಿಟ್ಟು, ತಕರಾರು ಇರುವವರು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ, ಅಂದರೆ ಕೆಎಟಿಗೆ, ಹೋಗಲಿ ಎಂದಿತು. ಅದೇ ಆದೇಶದಿಂದ 13,352 ಶಿಕ್ಷಕರ ನೇಮಕಾತಿಗೆ ದಾರಿ ತೆರೆಯಿತು. ಶಾಲೆಗೆ ಮೇಷ್ಟ್ರು ಬಂದರು, ವಿವಾದಕ್ಕೂ ಒಂದು ಬಾಗಿಲು ಉಳಿಯಿತು.

‘ಕೆಲವರಿಗಾಗಿ ಸಾವಿರಾರು ಜನ ಯಾಕೆ ಕಾಯಬೇಕು?’ ಎಂದು ಕೇಳುವವರಿದ್ದಾರೆ. ಕಾಯಬೇಕಿಲ್ಲ. ವಿವಾದದ ಹುದ್ದೆಗಳನ್ನಷ್ಟೇ ಖಾಲಿ ಇಟ್ಟು, ಉಳಿದ ನೇಮಕಾತಿಯನ್ನು ಅಂತಿಮ ತೀರ್ಪಿಗೆ ಒಳಪಟ್ಟು ನಡೆಸುವ ಪದ್ಧತಿ ನಮ್ಮ ನ್ಯಾಯಾಲಯಗಳಲ್ಲಿ ಮಾಮೂಲು. ‘ಈಗ ವಾಪಸ್ ತಗೊಂಡು, ಬೇಕಾದರೆ ಆಮೇಲೆ ಹಾಕಿದರಾಯಿತು’ ಎನ್ನುವ ಸಲಹೆ ಇನ್ನೂ ಅಪಾಯದ್ದು. ಹೈಕೋರ್ಟಿನಲ್ಲಿ ಹಾಕಿದ ರಿಟ್ ಅರ್ಜಿಯನ್ನು, ಹೊಸದಾಗಿ ಸಲ್ಲಿಸುವ ಅನುಮತಿ ಪಡೆಯದೆ ಹಿಂಪಡೆದವರು ಅದೇ ಕಾರಣಕ್ಕೆ ಮತ್ತೆ ರಿಟ್ ಹಾಕುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1987ರ ಸರ್ಗುಜಾ ಟ್ರಾನ್ಸ್‌ಪೋರ್ಟ್ ಪ್ರಕರಣದಲ್ಲೇ ಹೇಳಿದೆ. ಕೆಎಟಿಯಲ್ಲಿ ಸಾಮಾನ್ಯವಾಗಿ ಅಂತಿಮ ಆದೇಶದಿಂದ ಒಂದು ವರ್ಷದ ಗಡುವಿದೆ. ತಡಕ್ಕೆ ತಕ್ಕ ಕಾರಣ ತೋರಿಸುವ ಹೊಣೆ ಅರ್ಜಿದಾರರದು.

ಹಾಗೆಂದು ಹಿಂಪಡೆಯಲೇಬಾರದೆಂದಲ್ಲ. ಬಾಗಿಲು ತಪ್ಪಿ ಹೈಕೋರ್ಟಿಗೆ ಹೋಗಿದ್ದರೆ, ಇಲಾಖೆ ತಪ್ಪು ತಿದ್ದಿ ಹೊಸ ಪಟ್ಟಿ ಹೊರಡಿಸಿದ್ದರೆ ಹಿಂಪಡೆಯುವುದೇ ಸರಿ. ಆಗ ಕೇಸು ಹಿಂಪಡೆಯಲು ವಕೀಲರು ಸಹಿಗೆ ಮುಂದಿಡುವ ಮೆಮೊ ಅರ್ಧ ಪುಟವೂ ಇರುವುದಿಲ್ಲ, ಅದೂ ಬಹಳ ಸಲ ಇಂಗ್ಲಿಷಿನಲ್ಲಿ. ‘ಹೊಸ ಅರ್ಜಿ ಸಲ್ಲಿಸುವ ಸ್ವಾತಂತ್ರ್ಯ ಕಾಯ್ದಿರಿಸಿಕೊಂಡು’ ಎಂಬ ಸಾಲು ಅದರಲ್ಲಿದೆಯೇ ಎಂದು ಕನ್ನಡದಲ್ಲಿ ಓದಿಸಿಕೊಂಡು ಕೇಳಿ. ಆಮೇಲೆ ಕೋರ್ಟಿನ ಆದೇಶದ ಪ್ರತಿ ಕೈಗೆ ಬಂದಾಗ ಅದೇ ಸಾಲನ್ನು ಅಲ್ಲಿಯೂ ಹುಡುಕಿ. ಮೆಮೊದಲ್ಲಿದ್ದು ಆದೇಶದಲ್ಲಿ ಇಲ್ಲದಿದ್ದರೆ ಅಂದೇ ವಕೀಲರ ಗಮನಕ್ಕೆ ತನ್ನಿ.