ಕಂತು ಎಷ್ಟು ಅಂತಲ್ಲ, ಒಟ್ಟು ಎಷ್ಟು ಅಂತ ಕೇಳಿ



ಗೃಹಸಾಲ ತಗೊಂಡವರನ್ನು ನಿದ್ದೆಯಿಂದ ಎಬ್ಬಿಸಿ ಕೇಳಿ, ತಿಂಗಳ ಕಂತು ಎಷ್ಟು ಅಂತ ಥಟ್ಟನೆ ಹೇಳ್ತಾರೆ. ಯಾವ ತಾರೀಖಿಗೆ ಖಾತೆಯಿಂದ ಹೋಗುತ್ತೆ ಅನ್ನೋದೂ ಬಾಯಿಪಾಠ. ಆದರೆ ಸಾಲ ತೀರುವ ಹೊತ್ತಿಗೆ ಒಟ್ಟು ಎಷ್ಟು ಕಟ್ಟಿರ್ತೀರಿ ಅಂತ ಕೇಳಿ ನೋಡಿ. ಹತ್ತರಲ್ಲಿ ಒಂಬತ್ತು ಜನ ಸುಮ್ಮನಾಗ್ತಾರೆ. ಒಂದು ಕುರಿ ಕೊಳ್ಳುವಾಗ ಅರ್ಧ ದಿನ ಚೌಕಾಶಿ ಮಾಡುವ ನಾವು, ಬದುಕಿನ ಅತಿ ದೊಡ್ಡ ಖರೀದಿಯಲ್ಲಿ ಪೂರ್ತಿ ಬೆಲೆ ಕೇಳದೆ ಸಹಿ ಹಾಕ್ತೀವಿ. ಇವತ್ತು ಆ ಪೂರ್ತಿ ಬೆಲೆಯ ಬಗ್ಗೆ ಮಾತಾಡೋಣ.

ಕಬ್ಬಿನ ದರದ ಹೋರಾಟದ ಸಮಯದಲ್ಲಿ ನಾನು ಜಮಖಂಡಿ ತಾಲ್ಲೂಕಿಗೆ ಹೋಗಿದ್ದೆ. ಅಲ್ಲಿ ತುಬಚಿ ಅಂತ ಒಂದು ಊರು. ತುಬಚಿ-ಬಬಲೇಶ್ವರ ಏತ ನೀರಾವರಿ ಯೋಜನೆಯ ಹೆಸರಿನಿಂದ ಈ ಊರು ನಿಮಗೆ ಪರಿಚಯ ಇರಬಹುದು. ಕೃಷ್ಣಾ ನದಿಯ ಸೀಮೆ, ಎತ್ತ ನೋಡಿದರೂ ಕಬ್ಬು. ಅಲ್ಲೊಂದು ಮನೆಗೆ ಸ್ಲ್ಯಾಬ್ ಹಾಕಿದ್ದರು. ಯಜಮಾನರಿಗೆ ಅರವತ್ತು ದಾಟಿರಬಹುದು. ‘ಭಾರಿ ಮನಿ ಕಟ್ಟಾಕ ಹತ್ತೀರಲ್ಲ ಕಾಕಾ’ ಅಂದೆ. ಅವರು ನಕ್ಕು ಹೇಳಿದರು: ‘ಸಾಲದ ಮನಿ ಐತಿ ತಮ್ಮಾ. ಇಪ್ಪತ್ತೈದ ಲಕ್ಷ ಕೊಡ್ತೀವಿ ಅಂದಾರ. ತಿಂಗಳಾ ಇಪ್ಪತ್ತೆರಡ ಸಾವಿರದಾಗ ಕಂತ ಬರ್ತೈತಿ. ಮಗಾ ಬೆಂಗಳೂರಾಗ ನೌಕರಿ ಮಾಡ್ತಾನ, ಅರ್ಧಾ ಅಂವಾ ಕೊಡ್ತಾನ, ಅರ್ಧಾ ಕಬ್ಬಿನ ಬಿಲ್ಲಿನಾಗ. ಎಲ್ಲಾ ಹೇಳಿದ್ರು. ಆದ್ರ ಒಟ್ಟ ಎಷ್ಟ ಬೀಳ್ತೈತಿ ಅಂತ ಒಬ್ರೂ ಹೇಳವಲ್ರು.’

ವೀಕ್ಷಕರೇ, ಇದಕ್ಕಿಂತ ಸರಿಯಾದ ಪ್ರಶ್ನೆ ಇಲ್ಲ. ನಾನು ಇಂಜಿನಿಯರಿಂಗ್‌ನಲ್ಲಿ ನಾಲ್ಕು ಸೆಮಿಸ್ಟರ್ ಗಣಿತ ಓದಿದವನು. ಇದಕ್ಕೆ ಅಷ್ಟೆಲ್ಲ ಬೇಡ, ಗುಣಾಕಾರ ಗೊತ್ತಿದ್ದರೆ ಸಾಕು. 25 ಲಕ್ಷ ಸಾಲ, ಲೆಕ್ಕಕ್ಕೆ ಶೇಕಡಾ 8.5 ಬಡ್ಡಿ ಅಂತ ಇಟ್ಟುಕೊಳ್ಳಿ, ಅವಧಿ 20 ವರ್ಷ. ತಿಂಗಳ ಕಂತು 21,696 ರೂಪಾಯಿ. 20 ವರ್ಷ ಅಂದರೆ 240 ಕಂತು. ಗುಣಿಸಿ. ಸುಮಾರು 52 ಲಕ್ಷ 7 ಸಾವಿರ. ಅದರಲ್ಲಿ ಅಸಲು 25 ಲಕ್ಷ, ಬಡ್ಡಿ 27 ಲಕ್ಷ 7 ಸಾವಿರ. ತಂದ ದುಡ್ಡಿಗಿಂತ ಬಡ್ಡಿಯೇ ಹೆಚ್ಚು.

ರೂಪಾಯಿಯಲ್ಲಿ ಹೇಳಿದರೆ ಮನಸ್ಸಿಗೆ ನಾಟೋದಿಲ್ಲ, ಕಬ್ಬಿನಲ್ಲಿ ಹೇಳ್ತೀನಿ. 2025ರ ನವೆಂಬರ್ ಹೋರಾಟದಲ್ಲಿ ಟನ್‌ಗೆ 3,300 ರೂಪಾಯಿ ಅನ್ನೋ ಮಾತು ಬಂತಲ್ಲ, ಅದನ್ನೇ ಹಿಡಿಯೋಣ. ಬರೀ ಬಡ್ಡಿ ತೀರಿಸೋಕೆ 820 ಟನ್ ಕಬ್ಬು ಬೇಕು. ಎಕರೆಗೆ 40 ಟನ್ ಬಂದರೆ ಇಪ್ಪತ್ತು ಎಕರೆಗೂ ಹೆಚ್ಚಿನ ಒಂದು ವರ್ಷದ ಬೆಳೆ. ಎರಡು ಎಕರೆ ಇರುವವನಿಗೆ ಹತ್ತು ವರ್ಷದ ಕಬ್ಬು. ಇದರಲ್ಲಿ ಬೀಜ, ಗೊಬ್ಬರ, ಕಟಾವಿನ ಖರ್ಚು ಕಳೆದಿಲ್ಲ.

ಇನ್ನೊಂದು ವಿಷಯ ಇದೆ, ಅದು ಇನ್ನೂ ಮುಖ್ಯ. ಪ್ರತಿ ತಿಂಗಳೂ ಕಂತು ಒಂದೇ. ಆದರೆ ಆ ಕಂತು ಎಲ್ಲಿಗೆ ಹೋಗುತ್ತೆ ಅನ್ನೋದು ಒಂದೇ ಅಲ್ಲ. ಮೊದಲ ತಿಂಗಳ 21,696 ರೂಪಾಯಿಯಲ್ಲಿ 17,708 ಬಡ್ಡಿಗೆ ಹೋಗುತ್ತೆ. ಅಸಲಿಗೆ ಸೇರೋದು 3,988 ಮಾತ್ರ. ಐದು ವರ್ಷ ಒಂದು ಕಂತೂ ತಪ್ಪಿಸದೆ 13 ಲಕ್ಷ ಕಟ್ಟಿದ ಮೇಲೂ ಬಾಕಿ ಅಸಲು 22 ಲಕ್ಷ ಇರುತ್ತೆ. ಹತ್ತು ವರ್ಷ, ಅಂದರೆ ಅರ್ಧ ಅವಧಿ ಮುಗೀತು. ಅರ್ಧ ಸಾಲ ತೀರಿತು ಅಂತ ನಾವು ಅಂದುಕೊಳ್ತೀವಿ. ಇಲ್ಲ, ಇನ್ನೂ 17 ಲಕ್ಷ 50 ಸಾವಿರ ಬಾಕಿ. ಅಸಲು ಅರ್ಧಕ್ಕೆ ಇಳಿಯೋದು ಹದಿಮೂರು ವರ್ಷ ಹತ್ತು ತಿಂಗಳ ಹೊತ್ತಿಗೆ.

ಹಾಗಾದರೆ ಬ್ಯಾಂಕು ಮೋಸ ಮಾಡ್ತಿದೆಯಾ? ಇಲ್ಲ. ಬಾಕಿ ಇರುವ ಅಸಲಿನ ಮೇಲೆ ಆ ತಿಂಗಳ ಬಡ್ಡಿ, ಅಷ್ಟೇ ಲೆಕ್ಕ. ಮೊದಮೊದಲು ಅಸಲು ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಇಪ್ಪತ್ತು ವರ್ಷದ ನಂತರದ 21 ಸಾವಿರಕ್ಕೆ ಇವತ್ತಿನ ಬೆಲೆ ಇರೋದಿಲ್ಲ ಅನ್ನೋದೂ ನಿಜ. ಬಾಡಿಗೆ ಮನೆಯಲ್ಲಿ ಇರುವವರಿಗೆ ಬಾಡಿಗೆ ಉಳಿಯುತ್ತೆ ಅನ್ನೋದೂ ನಿಜ. ಸಾಲ ಮಾಡಿ ಮನೆ ಕಟ್ಟಬೇಡಿ ಅಂತ ನಾನು ಹೇಳ್ತಿಲ್ಲ. ಬೆಲೆ ತಿಳಿದು ಕಟ್ಟಿ ಅಂತಿದ್ದೀನಿ.

ಈ 52 ಲಕ್ಷವೂ ಕಲ್ಲಿನ ಮೇಲೆ ಬರೆದದ್ದಲ್ಲ. ಬ್ಯಾಂಕುಗಳ ಫ್ಲೋಟಿಂಗ್ ಗೃಹಸಾಲಗಳು 2019ರ ಅಕ್ಟೋಬರ್‌ನಿಂದ ಹೆಚ್ಚಾಗಿ ರಿಸರ್ವ್ ಬ್ಯಾಂಕಿನ ರೆಪೋ ದರಕ್ಕೆ ಕಟ್ಟುಬಿದ್ದಿವೆ. ಆ ದರ 2022ರ ಮೇ ಆರಂಭದಲ್ಲಿ ಶೇಕಡಾ 4 ಇತ್ತು. 2023ರ ಫೆಬ್ರವರಿಗೆ 6.5 ಆಯ್ತು. 2022ರ ಶುರುವಿನಲ್ಲಿ 6.75ರ ಬಡ್ಡಿಗೆ 25 ಲಕ್ಷ ತಗೊಂಡವನ ಕಂತು 19,009. ಎರಡೂವರೆ ಏರಿ ಬಡ್ಡಿ 9.25 ಆದಾಗ, ತಿಂಗಳ ಬಡ್ಡಿಯೇ ಹತ್ತಿರ ಹತ್ತಿರ 19 ಸಾವಿರ. ಕಂತು ಅಷ್ಟೇ ಉಳಿದಿದ್ದರೆ ಅಸಲಿಗೆ ಹೋಗೋದು ಏನೂ ಇಲ್ಲ. ಅನೇಕರಿಗೆ ಕಂತು ಏರಲಿಲ್ಲ, ಸದ್ದಿಲ್ಲದೆ ಅವಧಿ ಏರಿತು. ‘ನಮ್ಮ ಕಂತು ಜಾಸ್ತಿ ಆಗಿಲ್ಲ ಬಿಡಿ’ ಅಂತ ಸಮಾಧಾನ ಪಟ್ಟವರು ನಿವೃತ್ತಿ ಆದ ಮೇಲೂ ಕಂತು ಕಟ್ಟುವ ಲೆಕ್ಕಕ್ಕೆ ಬಂದು ನಿಂತರು. ಆಮೇಲೆ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಹೇಳಿತು: ಬಡ್ಡಿ ಬದಲಾದಾಗ ಗ್ರಾಹಕರಿಗೆ ತಿಳಿಸಿ, ಕಂತು ಏರಿಸಬೇಕೋ ಅವಧಿ ಏರಿಸಬೇಕೋ ಅಂತ ಅವರನ್ನೇ ಕೇಳಿ. 2025ರಲ್ಲಿ ರೆಪೋ ನಾಲ್ಕು ಸಲ ಇಳಿದು 5.25ಕ್ಕೆ ಬಂತು. ನಿಮ್ಮ ಬಡ್ಡಿ ಇಳಿದಿದೆಯಾ? ಇಳಿದಿದ್ದರೆ ಅವಧಿ ಎಷ್ಟು ಕಮ್ಮಿ ಆಗಿದೆ? ಬ್ಯಾಂಕಿಗೆ ಹೋಗಿ ಕೇಳಿದ್ದೀರಾ?

ಈಗ ಕಬ್ಬಿನ ರೈತರ ವಿಷಯಕ್ಕೆ ಬರ್ತೀನಿ. ನೌಕರಿ ಮಾಡುವವರಿಗೆ ಪಗಾರ ತಿಂಗಳಿಗೊಮ್ಮೆ, ಕಂತೂ ತಿಂಗಳಿಗೊಮ್ಮೆ. ಕಬ್ಬು ಬೆಳೆಯುವವರಿಗೆ ದುಡ್ಡು ಬರೋದು ವರ್ಷಕ್ಕೊಮ್ಮೆ, ಅದೂ ಕಾರ್ಖಾನೆ ಬಿಲ್ ಹಾಕಿದಾಗ. ಕಬ್ಬು ಕೊಟ್ಟ 14 ದಿನದೊಳಗೆ ದುಡ್ಡು ಕೊಡಬೇಕು, ತಡವಾದರೆ ಶೇಕಡಾ 15 ಬಡ್ಡಿ ಕೊಡಬೇಕು ಅಂತ 1966ರ ಕಬ್ಬು ನಿಯಂತ್ರಣ ಆದೇಶದಲ್ಲೇ ಇದೆ. ಅದು ಎಷ್ಟು ಜಾರಿ ಆಗುತ್ತೆ ಅಂತ ಜಮಖಂಡಿ, ಮುಧೋಳ ಕಡೆಯವರಿಗೆ ನಾನು ಹೇಳಬೇಕಾಗಿಲ್ಲ. ಆದರೆ ಬ್ಯಾಂಕಿನ ಗಡಿಯಾರ ಕಾರ್ಖಾನೆಗಾಗಿ ಕಾಯೋದಿಲ್ಲ. ಗೃಹಸಾಲದ ಕಂತು 90 ದಿನ ಮೀರಿ ಬಾಕಿ ಬಿದ್ದರೆ ಅದು ಎನ್‌ಪಿಎ, ವಸೂಲಾಗದ ಸಾಲ. ಆಮೇಲೆ ಸರ್ಫೇಸಿ ಕಾಯ್ದೆಯಡಿ 60 ದಿನದ ನೋಟಿಸ್. ಆ ಕಾಯ್ದೆ ಕೃಷಿ ಜಮೀನನ್ನು ಮುಟ್ಟೋದಿಲ್ಲ, ಆದರೆ ಒತ್ತೆ ಇಟ್ಟ ಮನೆಯನ್ನು ಮುಟ್ಟುತ್ತೆ.

ಇಲ್ಲೇ ನಮ್ಮ ಹಳ್ಳಿಗಳಲ್ಲಿ ಒಂದು ತಪ್ಪು ಕಲ್ಪನೆ ಇದೆ. ಪಿಕೆಪಿಎಸ್‌ನಲ್ಲಿ ಶೂನ್ಯ ಬಡ್ಡಿಯ ಬೆಳೆ ಸಾಲ ತಗೊಂಡು ರೂಢಿ. ಬೆಳೆ ಸಾಲಕ್ಕೆ ಹಂಗಾಮಿನ ಲೆಕ್ಕ ಇದೆ. 2018ರಲ್ಲಿ ಆದ ಹಾಗೆ ಯಾವಾಗಲಾದರೂ ಮನ್ನಾ ಆಗಬಹುದು ಅನ್ನೋ ಆಸೆಯೂ ಇದೆ. ಗೃಹಸಾಲಕ್ಕೆ ಇದ್ಯಾವುದೂ ಇಲ್ಲ. ಅದು ಹೊಳೆಗೆ ಪ್ರವಾಹ ಬಂದರೂ, ಕಾರ್ಖಾನೆ ಬಿಲ್ ತಡ ಮಾಡಿದರೂ ತಿಂಗಳ ಅದೇ ತಾರೀಖಿಗೆ ಬಂದು ನಿಲ್ಲುತ್ತೆ. 2019ರ ಆಗಸ್ಟ್‌ನಲ್ಲಿ ಕೃಷ್ಣೆ ತುಂಬಿ ಹರಿದದ್ದನ್ನು ಆ ಭಾಗದವರು ಮರೆತಿಲ್ಲ. ಹಾಗಾಗಿ ಕೃಷಿಯ ಆದಾಯದ ಮೇಲೆ ಗೃಹಸಾಲ ತಗೊಳ್ಳುವವರು ಕನಿಷ್ಠ ಆರು ಕಂತಿನಷ್ಟು ದುಡ್ಡು ಖಾತೆಯಲ್ಲಿ ಇಟ್ಟುಕೊಂಡೇ ಸಾಲಕ್ಕೆ ಸಹಿ ಹಾಕಬೇಕು. ಆರು ತಿಂಗಳಿಗೊಮ್ಮೆ ಕಂತು ಕಟ್ಟುವ ಅನುಕೂಲ ಇದೆಯಾ ಅಂತಲೂ ಕೇಳಿ. ಕೇಳೋದಕ್ಕೆ ಫೀ ಇಲ್ಲ.

ಫೀ ಅಂದ ಕೂಡಲೇ ನೆನಪಾಯ್ತು. ಪ್ರೊಸೆಸಿಂಗ್ ಫೀ, ವಕೀಲರ ಅಭಿಪ್ರಾಯ, ಮನೆಯ ಮೌಲ್ಯಮಾಪನ, ಒತ್ತೆ ಪತ್ರದ ಮುದ್ರಾಂಕ ಶುಲ್ಕ, ಇವೆಲ್ಲ ಬೇರೆ. ಅದರ ಜೊತೆ ಒಂದು ವಿಮೆ ಬರುತ್ತೆ. ‘ಕೈಯಿಂದ ಕೊಡೋದು ಬೇಡ ಸರ್, ಸಾಲದಲ್ಲೇ ಸೇರಿಸ್ತೀವಿ’ ಅಂತಾರೆ. 60 ಸಾವಿರದ ಪ್ರೀಮಿಯಂ ಸಾಲಕ್ಕೆ ಸೇರಿದರೆ 20 ವರ್ಷದಲ್ಲಿ ನೀವು ಅದಕ್ಕೆ ಕಟ್ಟೋದು 1 ಲಕ್ಷ 25 ಸಾವಿರ. ದುಡಿಯುವವರಿಗೆ ವಿಮೆ ಬೇಕು, ಖಂಡಿತ ಬೇಕು. ಆದರೆ ಬೇರೆ ಕಡೆಯೂ ದರ ವಿಚಾರಿಸಿ. ‘ತೆರಿಗೆ ಉಳಿಯುತ್ತೆ’ ಅನ್ನೋ ಮಾತನ್ನೂ ತೂಗಿ ನೋಡಿ. ಹೊಸ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವಿನಾಯಿತಿ ಇಲ್ಲ. ಕೃಷಿ ಆದಾಯ ಮಾತ್ರ ಇರುವವರು ತೆರಿಗೆಯನ್ನೇ ಕಟ್ಟೋದಿಲ್ಲ, ಇನ್ನು ಉಳಿಸೋದು ಏನನ್ನು?

ಸರಿ, ಏನು ಮಾಡಬೇಕು?

ಮೊದಲನೆಯದು, ಅವಧಿ. ಅದೇ 25 ಲಕ್ಷ, ಅದೇ 8.5 ಬಡ್ಡಿ, ಅವಧಿ ಮಾತ್ರ 15 ವರ್ಷ ಮಾಡಿ. ಕಂತು 24,618 ಆಗುತ್ತೆ. ತಿಂಗಳಿಗೆ ಮೂರು ಸಾವಿರಕ್ಕಿಂತ ಸ್ವಲ್ಪ ಕಮ್ಮಿ ಹೆಚ್ಚಾಯ್ತು. ಒಟ್ಟು ಬಡ್ಡಿ 27 ಲಕ್ಷದಿಂದ 19 ಲಕ್ಷ 31 ಸಾವಿರಕ್ಕೆ ಇಳಿಯುತ್ತೆ. ಉಳಿತಾಯ ಏಳೂಮುಕ್ಕಾಲು ಲಕ್ಷ.

ಎರಡನೆಯದು, ಕಬ್ಬಿನ ಬಿಲ್. ವರ್ಷಕ್ಕೊಮ್ಮೆ ಗಂಟು ದುಡ್ಡು ಬರೋದು ಕಷ್ಟ ಅಂತ ಆಗಲೇ ಹೇಳಿದೆ. ಅದೇ ಅನುಕೂಲವೂ ಹೌದು. 20 ವರ್ಷದ ಸಾಲವೇ ಇರಲಿ. ಮೊದಲ ಐದು ವರ್ಷ, ಪ್ರತಿ ವರ್ಷದ ಕೊನೆಗೆ ಒಂದು ಲಕ್ಷ ಅಸಲಿಗೆ ಕಟ್ಟಿ, ಕಂತು ಅಷ್ಟೇ ಇಟ್ಟುಕೊಳ್ಳಿ. ಸಾಲ ಆರು ವರ್ಷ ಎರಡು ತಿಂಗಳು ಮೊದಲೇ ತೀರುತ್ತೆ. ಕಟ್ಟಿದ 5 ಲಕ್ಷಕ್ಕೆ ಬಡ್ಡಿಯಲ್ಲಿ ಉಳಿಯೋದು ಸುಮಾರು 11 ಲಕ್ಷ 20 ಸಾವಿರ. ಅದೇ 5 ಲಕ್ಷವನ್ನು ‘ಆಮೇಲೆ ನೋಡೋಣ’ ಅಂತ 11ನೇ ವರ್ಷದಿಂದ 15ನೇ ವರ್ಷದ ತನಕ ಕಟ್ಟಿದರೆ ಉಳಿಯೋದು ಬರೀ 3 ಲಕ್ಷ. ದುಡ್ಡು ಒಂದೇ, ಕಟ್ಟಿದ ಕಾಲ ಬೇರೆ. ಫ್ಲೋಟಿಂಗ್ ಬಡ್ಡಿಯ ಗೃಹಸಾಲವನ್ನು ಮೊದಲೇ ತೀರಿಸಿದರೆ ವ್ಯಕ್ತಿಗಳಿಗೆ ದಂಡ ಹಾಕುವ ಹಾಗಿಲ್ಲ. ಆದರೆ ಒಂದು ಎಚ್ಚರಿಕೆ. ಹೆಚ್ಚಿಗೆ ಕಟ್ಟಿದಾಗ ‘ಕಂತು ಕಮ್ಮಿ ಮಾಡೋದಾ, ಅವಧಿ ಕಮ್ಮಿ ಮಾಡೋದಾ’ ಅಂತ ಕೇಳ್ತಾರೆ. ಅವಧಿ ಕಮ್ಮಿ ಮಾಡಿ ಅಂತ ಬರೆದು ಕೊಡಿ.

ಮೂರನೆಯದು, ಕಾಗದ. ಒಟ್ಟು ಎಷ್ಟು ಅನ್ನೋ ಪ್ರಶ್ನೆಗೆ ಉತ್ತರ ಕೊಡೋದು ಈಗ ದಾಕ್ಷಿಣ್ಯದ ಮಾತಲ್ಲ, ನಿಯಮ. 2024ರ ಅಕ್ಟೋಬರ್ 1ರಿಂದ ಬ್ಯಾಂಕು, ಹಣಕಾಸು ಕಂಪನಿಗಳು ಇಂಥ ಸಾಲಕ್ಕೆ ಸಹಿ ಹಾಕಿಸುವ ಮೊದಲು ಕೆಎಫ್‌ಎಸ್, ಅಂದರೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಕೊಡಬೇಕು. ಎಲ್ಲ ಖರ್ಚು ಸೇರಿಸಿದ ವಾರ್ಷಿಕ ದರ, ಒಟ್ಟು ಬಡ್ಡಿ, ನೀವು ಒಟ್ಟು ಕಟ್ಟುವ ಮೊತ್ತ, ಪ್ರತಿ ಕಂತಿನ ಅಸಲು-ಬಡ್ಡಿಯ ಪಟ್ಟಿ ಅದರಲ್ಲಿ ಇರಬೇಕು. ಅದು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು, ಅದನ್ನು ವಿವರಿಸಿಯೂ ಹೇಳಬೇಕು. ಅಂದರೆ ಕನ್ನಡದಲ್ಲಿ ಕೊಡಿ ಅಂತ ಕೇಳೋದು ನಿಮ್ಮ ಹಕ್ಕು. ಓದಿ ಯೋಚಿಸೋಕೆ ಕನಿಷ್ಠ ಮೂರು ಕೆಲಸದ ದಿನ ಸಮಯ ಇದೆ. ಅದರಲ್ಲಿ ಬರೆಯದ ಶುಲ್ಕವನ್ನು ನಿಮ್ಮ ಒಪ್ಪಿಗೆ ಇಲ್ಲದೆ ಹಾಕುವಂತಿಲ್ಲ. ಊರಿನ ಸೌಹಾರ್ದ ಸಹಕಾರಿಗಳು ರಿಸರ್ವ್ ಬ್ಯಾಂಕಿನ ಈ ನಿಯಮದಡಿ ಬರೋದಿಲ್ಲ. ಅಲ್ಲಿ ಸಾಲ ತಗೊಳ್ಳುವವರು ಇದೇ ವಿವರವನ್ನು ಕೇಳಿ ಬರೆಸಿಕೊಳ್ಳಬೇಕು.

ಇನ್ನು ಕೊನೆಯ ಮಾತು, ಕೊನೆಯ ಕಂತಿನ ಬಗ್ಗೆ. ಸಾಲ ಪೂರ್ತಿ ತೀರಿದ 30 ದಿನದೊಳಗೆ ನಿಮ್ಮ ಮನೆಯ ಮೂಲ ಪತ್ರಗಳನ್ನು ವಾಪಸ್ ಕೊಡಬೇಕು. ಸಾಲ ಕೊಟ್ಟವರ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ನಿಮಗೆ ಪರಿಹಾರ ಕೊಡಬೇಕು. 2023ರ ಡಿಸೆಂಬರ್ 1ರಿಂದ ಇದು ಜಾರಿಯಲ್ಲಿದೆ. ಆ ಪತ್ರಗಳು ಮನೆಯ ಟ್ರೆಜರಿಗೆ ಬಂದು ಸೇರುವ ದಿನ ನಿಮ್ಮ ವಯಸ್ಸು ಎಷ್ಟಿರುತ್ತೆ? ಸಹಿ ಹಾಕುವ ಮೊದಲು ಆ ಒಂದು ಲೆಕ್ಕ ಮನೆಯವರೆಲ್ಲ ಕೂತು ಹಾಕಿ.